ಕಪಾಟಿನ ಕ್ಯಾಸೆಟ್, ಮುಂಬೈಯ ರೀಲು: ಸಾಕ್ಷ್ಯಚಿತ್ರಕ್ಕೆ ಹಳೆಯ ದೃಶ್ಯ ತರುವುದು ಹೇಗೆ?

ಪ್ರಶ್ನೆ: ನಮ್ಮ ಮನೆ ಬದಿಯಡ್ಕದ ಹತ್ತಿರ. ಗೆಳೆಯರು ಕೆಲವರು ಸೇರಿ ಕಾಸರಗೋಡಿನ ಕನ್ನಡಿಗರ ಬಗ್ಗೆ 50 ನಿಮಿಷದ ಸಾಕ್ಷ್ಯಚಿತ್ರ ಮಾಡುತ್ತಿದ್ದೇವೆ. 1956ರ ರಾಜ್ಯ ವಿಂಗಡಣೆಯಿಂದ ಶುರುವಾಗಿ ಎಂಡೋಸಲ್ಫಾನ್ ಕೀಟನಾಶಕದ ದುರಂತದವರೆಗೆ ಬರುತ್ತದೆ. ಯೂಟ್ಯೂಬಿನಲ್ಲಿ ಒಂದು ಕಪ್ಪು ಬಿಳುಪು ನ್ಯೂಸ್‌ರೀಲ್ ತುಣುಕು ಸಿಕ್ಕಿದೆ. ಊರಿನ ಒಬ್ಬರ ಮನೆಯಲ್ಲಿ 1990ರ ದಶಕದ ಸಮ್ಮೇಳನದ್ದು, ಬಯಲಾಟದ್ದು, ಮದುವೆಯದ್ದು ವಿಎಚ್‌ಎಸ್ ಕ್ಯಾಸೆಟ್‌ಗಳಿವೆ. ಆಕಾಶವಾಣಿಯ ಒಂದು ಸಂದರ್ಶನ, ಪತ್ರಿಕೆಯ ಫೋಟೋಗಳು, ಟಿವಿ ಸುದ್ದಿಯ ದೃಶ್ಯಗಳೂ ಬೇಕು. 10 ಸೆಕೆಂಡಿಗಿಂತ ಕಡಿಮೆ ಬಳಸಿದರೆ ಯಾರನ್ನೂ ಕೇಳಬೇಕಾಗಿಲ್ಲ ಅನ್ನುತ್ತಾರೆ, ನಿಜವಾ? ಮಾಲೀಕರು ಸಿಗದಿದ್ದರೆ ಏನು ಮಾಡುವುದು? ದುಡ್ಡು ಕಡಿಮೆ ಇದೆ. ಮೊದಲು ಚಿತ್ರೋತ್ಸವಕ್ಕೆ, ಆಮೇಲೆ ಯೂಟ್ಯೂಬಿಗೆ, ಸಾಧ್ಯವಾದರೆ ಟಿವಿಗೋ ಒಟಿಟಿಗೋ ಕೊಡುವ ಯೋಚನೆ.

ಉತ್ತರ: 10 ಸೆಕೆಂಡಿನ ಮಾತನ್ನು ಮೊದಲೇ ಮುಗಿಸಿಬಿಡೋಣ. ಅಂಥ ನಿಯಮ ನಮ್ಮ ಕಾನೂನಿನಲ್ಲಿ ಇಲ್ಲ. ಕೆಲವರು 7 ಸೆಕೆಂಡು ಅನ್ನುತ್ತಾರೆ, ಕೆಲವರು 30 ಅನ್ನುತ್ತಾರೆ. 1957ರ ಕಾಪಿರೈಟ್ ಕಾಯಿದೆಯಲ್ಲಿ ಎಷ್ಟು ಹುಡುಕಿದರೂ ಈ ಅಂಕಿ ಸಿಗುವುದಿಲ್ಲ. 2024ರ ನವೆಂಬರಿನ ಸುದ್ದಿ ನೆನಪಿರಬಹುದು. ನಟಿ ನಯನತಾರಾ ಅವರ ಬಗ್ಗೆ ಬಂದ ಸಾಕ್ಷ್ಯಚಿತ್ರದಲ್ಲಿ ಒಂದು ಹಳೆಯ ಸಿನಿಮಾದ ಶೂಟಿಂಗ್ ಜಾಗದ ದೃಶ್ಯ ಇತ್ತು. ಬರೀ 3 ಸೆಕೆಂಡು. ಆ ಸಿನಿಮಾದ ನಿರ್ಮಾಪಕ ಧನುಷ್ ಕಡೆಯಿಂದ 10 ಕೋಟಿ ರೂಪಾಯಿ ಕೇಳಿ ನೋಟಿಸ್ ಹೋಯಿತು, ವಿಷಯ ಮದ್ರಾಸ್ ಹೈಕೋರ್ಟಿನ ಮೆಟ್ಟಿಲು ಹತ್ತಿತು. ಯಾರು ಸರಿ ಅನ್ನುವುದು ಬೇರೆ ಮಾತು. 3 ಸೆಕೆಂಡಿಗೂ ನೋಟಿಸ್ ಬರಬಹುದು ಅನ್ನುವುದಷ್ಟೇ ನಿಮಗೆ ಬೇಕಾದದ್ದು.

ಕಾಯಿದೆಯ 52ನೇ ಸೆಕ್ಷನ್ನಿನಲ್ಲಿ ಕೆಲವು ವಿನಾಯಿತಿಗಳಿವೆ. ಸ್ವಂತ ಅಧ್ಯಯನಕ್ಕೆ, ವಿಮರ್ಶೆಗೆ, ಸದ್ಯದ ಘಟನೆಗಳನ್ನು ವರದಿ ಮಾಡುವುದಕ್ಕೆ ನ್ಯಾಯವಾಗಿ ಎಷ್ಟು ಬೇಕೋ ಅಷ್ಟು ಬಳಸಬಹುದು. ಅಮೆರಿಕದವರ 'ಫೇರ್ ಯೂಸ್' ಇದಕ್ಕಿಂತ ಅಗಲವಾದದ್ದು. ಅಲ್ಲಿಯ ವಿಡಿಯೋ ನೋಡಿ ಇಲ್ಲಿ ಧೈರ್ಯ ಮಾಡಬೇಡಿ. 1956ರ ಮೆರವಣಿಗೆಯ ದೃಶ್ಯವನ್ನು 'ಆಗ ಹೀಗಿತ್ತು' ಅಂತ ತೋರಿಸಿದರೆ ಅದು ವಿಮರ್ಶೆಯೂ ಅಲ್ಲ, ಸದ್ಯದ ಸುದ್ದಿಯೂ ಅಲ್ಲ. 'ನೋಡಿ, ಈ ಸರಕಾರಿ ನ್ಯೂಸ್‌ರೀಲ್ ನಮ್ಮ ವಿಷಯವನ್ನು ಹೀಗೆ ಹೇಳಿತು, ಇಷ್ಟನ್ನು ಬಿಟ್ಟಿತು' ಅಂತ ಆ ರೀಲಿನ ಬಗ್ಗೆಯೇ ಮಾತಾಡಿದರೆ ವಿಮರ್ಶೆ ಅಂತ ವಾದಿಸಲು ಸ್ವಲ್ಪ ಜಾಗ ಇದೆ. ಆದರೆ ಅದು ವಕೀಲರು ವಾದಿಸಬೇಕಾದ ಜಾಗ. ದುಡ್ಡು ಕಡಿಮೆ ಅಂದವರು ವಕೀಲರ ಫೀಸಿನ ದಾರಿ ಹಿಡಿಯುವುದು ಬೇಡ ಅಲ್ವಾ?

ಈಗ ಹುಡುಕಾಟಕ್ಕೆ ಬರೋಣ. ಕಾಸರಗೋಡಿನ ದೃಶ್ಯ ಹುಡುಕುವವರಿಗೆ ಬೇರೆಯವರಿಗಿಲ್ಲದ ಒಂದು ತಲೆನೋವಿದೆ. ನಮ್ಮ ಊರು ಜಾಗ ಬಿಟ್ಟು ಕದಲಲಿಲ್ಲ, ಆದರೆ ಅದರ ದಾಖಲೆಗಳು ಊರೂರು ಅಲೆದಿವೆ. 1956ರ ಅಕ್ಟೋಬರ್ ಕೊನೆಯವರೆಗೆ ಕಾಸರಗೋಡು ಮದ್ರಾಸ್ ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಯ ಒಂದು ತಾಲೂಕು. ನವೆಂಬರ್ 1ಕ್ಕೆ ಕೇರಳಕ್ಕೆ ಹೋಯಿತು. 1957ರಲ್ಲಿ ಮಲಬಾರ್ ಜಿಲ್ಲೆಯನ್ನು ಒಡೆದಾಗ ಕಣ್ಣೂರಿಗೆ ಸೇರಿತು. ಸ್ವಂತ ಜಿಲ್ಲೆ ಆದದ್ದು 1984ರ ಮೇ 24ರಂದು. ಹಾಗಾಗಿ ಯಾವ ಆರ್ಕೈವಿನಲ್ಲೂ ಬರೀ 'ಕಾಸರಗೋಡು' ಅಂತ ಹಾಕಿ ಹುಡುಕಿ 'ಏನೂ ಇಲ್ಲ' ಅಂತ ಕೈಬಿಡಬೇಡಿ. ಹಳೆಯದಕ್ಕೆ 'ಸೌತ್ ಕೆನರಾ' ಅಂತ ಹುಡುಕಿ. 1957ರಿಂದ 84ರ ನಡುವಿನದ್ದಕ್ಕೆ 'ಕ್ಯಾನನೂರ್' ಅಂತ ಹುಡುಕಿ. ಊರಿನ ಹೆಸರನ್ನು ಇಂಗ್ಲಿಷಿನಲ್ಲಿ ಕನಿಷ್ಠ ಮೂರು ಥರ ಬರೆಯುತ್ತಾರೆ, ಎಲ್ಲವನ್ನೂ ಹಾಕಿ ನೋಡಿ. ಬೇಕಲ ಕೋಟೆ, ಚಂದ್ರಗಿರಿ ಹೊಳೆ, ತೆಂಗಿನ ಸಂಶೋಧನಾ ಕೇಂದ್ರ, ಮಂಜೇಶ್ವರ, ಕುಂಬಳೆ, ಎಡನೀರು ಮಠ ಹೀಗೆ ಜಾಗದ ಹೆಸರುಗಳಿಂದಲೂ ಹುಡುಕಿ. ಕ್ಯಾಮೆರಾದವರು ಮಂತ್ರಿಯ ಹಿಂದೆ ಬಂದಿರುತ್ತಾರೆ, ಕ್ಯಾಟಲಾಗಿನಲ್ಲಿ ಮಂತ್ರಿಯ ಹೆಸರು ಮಾತ್ರ ಇರುತ್ತದೆ. ಆದ್ದರಿಂದ ಆ ವರ್ಷ ಯಾರು ಯಾರು ಇಲ್ಲಿಗೆ ಬಂದಿದ್ದರು ಅಂತ ಹಳೆಯ ಪತ್ರಿಕೆಗಳಲ್ಲಿ ಮೊದಲು ಪಟ್ಟಿ ಮಾಡಿಕೊಳ್ಳಿ. ಗಡಿ ವಿವಾದ ಪರಿಶೀಲಿಸಿದ ಮಹಾಜನ್ ಆಯೋಗದ ಕಾಲ, ಅಂದರೆ 1966-67, ಇದಕ್ಕೆ ಒಳ್ಳೆಯ ಆರಂಭ. ಕಾಗದಪತ್ರ ಬೇಕಿದ್ದರೆ, 1956ಕ್ಕೆ ಹಿಂದಿನದ್ದಕ್ಕೆ ಚೆನ್ನೈಯ ಎಗ್ಮೋರಿನಲ್ಲಿರುವ ತಮಿಳುನಾಡು ಆರ್ಕೈವ್ಸ್‌ಗೆ ಹೋಗಬೇಕಾದೀತು. ನಮ್ಮ ತಾಲೂಕಿನ ಕಡತಕ್ಕೆ ಚೆನ್ನೈಗೆ ರೈಲು ಹತ್ತುವುದು ವಿಚಿತ್ರವೇ, ಆದರೆ ಗಡಿಯವರ ಹಣೆಬರಹ ಅದು.

ನಿಮ್ಮ ನ್ಯೂಸ್‌ರೀಲ್ ತುಣುಕಿಗೆ ಬರುತ್ತೇನೆ. ಸ್ವಾತಂತ್ರ್ಯಾನಂತರದ ಸರಕಾರಿ ನ್ಯೂಸ್‌ರೀಲುಗಳನ್ನು ಮಾಡಿದ್ದು 1948ರಲ್ಲಿ ಶುರುವಾದ ಫಿಲ್ಮ್ಸ್ ಡಿವಿಷನ್. ಸಿನಿಮಾ ಥಿಯೇಟರಿನಲ್ಲಿ ಪಿಕ್ಚರ್ ಶುರುವಾಗುವ ಮೊದಲು ಹಾಕುತ್ತಿದ್ದರಲ್ಲ, ಅದೇ. ಅದರ ಕಚೇರಿ ಮುಂಬೈಯ ಪೆಡ್ಡರ್ ರಸ್ತೆಯಲ್ಲಿತ್ತು. 2022ರಲ್ಲಿ ಫಿಲ್ಮ್ಸ್ ಡಿವಿಷನ್, ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಎರಡರ ಕೆಲಸವೂ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದ (ಎನ್‌ಎಫ್‌ಡಿಸಿ) ಕೈಗೆ ಹೋಯಿತು. ಹಾಗಾಗಿ ಈಗ ಬರೆಯಬೇಕಾದದ್ದು ಎನ್‌ಎಫ್‌ಡಿಸಿಗೆ. ಇಲ್ಲಿ ಒಂದು ವ್ಯತ್ಯಾಸ ತಿಳಿದುಕೊಳ್ಳಿ. 1964ರಲ್ಲಿ ಶುರುವಾದ ಪುಣೆಯ ಸಂಗ್ರಹಾಲಯದಲ್ಲಿ ಸಾವಿರಾರು ಸಿನಿಮಾಗಳ ಪ್ರತಿ ಇವೆ, ಆದರೆ ಅವುಗಳ ಹಕ್ಕು ಹೆಚ್ಚಿನ ಮಟ್ಟಿಗೆ ನಿರ್ಮಾಪಕರದ್ದೇ. ಫಿಲ್ಮ್ಸ್ ಡಿವಿಷನ್ ಚಿತ್ರಗಳಲ್ಲಿ ಹಾಗಲ್ಲ, ಅವನ್ನು ಮಾಡಿಸಿದ್ದೇ ಸರಕಾರ. ಯಾರ ಹತ್ತಿರ ಪ್ರತಿ ಇದೆ, ಯಾರ ಹತ್ತಿರ ಹಕ್ಕು ಇದೆ, ಈ ಎರಡು ಪ್ರಶ್ನೆಗೆ ಬೇರೆ ಬೇರೆ ಉತ್ತರ ಇರಬಹುದು. ನನಗೆ ಬರುವ ಪತ್ರಗಳಲ್ಲಿ ಮುಕ್ಕಾಲು ಪಾಲು ಗೊಂದಲ ಇಲ್ಲೇ.

ಇನ್ನು ವಯಸ್ಸಿನ ಲೆಕ್ಕ. ನಮ್ಮ ಕಾಯಿದೆಯಲ್ಲಿ ಸಿನಿಮಾದ ಕಾಪಿರೈಟ್ ಬಿಡುಗಡೆಯಾದ ಮುಂದಿನ ವರ್ಷದ ಜನವರಿಯಿಂದ 60 ವರ್ಷ. ಸರಕಾರಿ ಕೃತಿಗೂ ಅಷ್ಟೇ. 1956ರಲ್ಲಿ ತೋರಿಸಿದ ನ್ಯೂಸ್‌ರೀಲ್ ಆದರೆ 2016ರ ಕೊನೆಗೆ ಹಕ್ಕು ಮುಗಿದಿದೆ. ಹಾಗಾದರೆ ಯೂಟ್ಯೂಬಿನಿಂದ ಇಳಿಸಿಕೊಂಡು ಬಳಸಬಹುದಾ? ಬೇಡ ಅನ್ನುತ್ತೇನೆ, ಕಾರಣ ಮೂರು. ಆ ತುಣುಕು ನಿಜವಾಗಿ ಯಾವ ವರ್ಷದ್ದು, ಯಾವ ಊರಿನದ್ದು ಅಂತ ಅಪ್‌ಲೋಡ್ ಮಾಡಿದವರ ಮಾತು ಬಿಟ್ಟರೆ ನಿಮ್ಮ ಹತ್ತಿರ ಆಧಾರ ಇಲ್ಲ. ಎರಡನೆಯದು ಗುಣಮಟ್ಟ. ಮೂರು ಸಲ ಕಾಪಿಯಾದ ಮಸುಕು ದೃಶ್ಯ ದೊಡ್ಡ ಪರದೆಗೆ ಬಂದಾಗ ಮುಖಗಳೇ ಕಾಣುವುದಿಲ್ಲ. ಮೂರನೆಯದು ಹೊರದೇಶದ ಲೆಕ್ಕ. ನಮ್ಮಲ್ಲಿ ಮುಗಿದ ಹಕ್ಕು ಅಮೆರಿಕದಲ್ಲಿ ಮುಗಿದಿರಲೇಬೇಕು ಅಂತಿಲ್ಲ, ಅಲ್ಲಿ ಕೆಲವು ಹಳೆಯ ವಿದೇಶಿ ಕೃತಿಗಳಿಗೆ ಬಿಡುಗಡೆಯಿಂದ 95 ವರ್ಷದವರೆಗೂ ರಕ್ಷಣೆ ಇದೆ. ನಾಳೆ ಒಟಿಟಿಯವರು ಕೇಳುವುದು ಇದನ್ನೇ. ಆದ್ದರಿಂದ ಹಕ್ಕು ಮುಗಿದಿದ್ದರೂ ಮೂಲ ಸಂಸ್ಥೆಗೆ ಬರೆದು ಒಳ್ಳೆಯ ಪ್ರತಿ ತರಿಸಿ. ಆಗ ಅವರು ಕೇಳುವ ಹಣ ಪ್ರತಿ ಮಾಡಿಕೊಟ್ಟದ್ದಕ್ಕೆ, ಕಾಪಿರೈಟಿಗಲ್ಲ. ಬಿಲ್ಲಿನಲ್ಲಿ ಹೇಗೆ ಬರೆದಿದ್ದಾರೆ ಅಂತ ನೋಡಿಕೊಳ್ಳಿ.

ಹೊರದೇಶದ ಸಂಗ್ರಹಗಳ ಬಗ್ಗೆ ಎರಡು ಮಾತು ಸಾಕು. ಹಳೆಯ ನ್ಯೂಸ್‌ರೀಲ್ ಕಂಪನಿ ಬ್ರಿಟಿಷ್ ಪಾಥೆಯವರು 2014ರಲ್ಲಿ ಸುಮಾರು 85,000 ಚಿತ್ರಗಳನ್ನು ಯೂಟ್ಯೂಬಿಗೆ ಹಾಕಿದರು, ಎಪಿ ಸುದ್ದಿಸಂಸ್ಥೆ 2015ರಲ್ಲಿ ಮೂವಿಟೋನ್ ನ್ಯೂಸ್‌ರೀಲ್ ಸಂಗ್ರಹವನ್ನು ಹಾಕಿತು. ಇವು ನೋಡಲು ಮಾತ್ರ ಪುಕ್ಕಟೆ. ನಮ್ಮ ಕರಾವಳಿಗೆ ಹೆಚ್ಚು ಹತ್ತಿರದ್ದು ಸ್ವಿಟ್ಜರ್ಲೆಂಡಿನಲ್ಲಿರುವ ಬಾಸೆಲ್ ಮಿಷನ್ ಸಂಗ್ರಹ. ಮಂಗಳೂರಿನಿಂದ ಕಣ್ಣೂರು, ತಲಶ್ಶೇರಿಯವರೆಗೆ ಮಿಷನ್ ಇದ್ದ ಕಡೆಯ ಹಳೆಯ ಫೋಟೋಗಳು ಅಲ್ಲಿವೆ, ಮನೆಯಲ್ಲೇ ಕುಳಿತು ಹುಡುಕಬಹುದು. ಬ್ರಿಟಿಷ್ ಕುಟುಂಬಗಳು ಭಾರತದಲ್ಲಿ ತೆಗೆದ ಮನೆ-ಸಿನಿಮಾಗಳು ಕೇಂಬ್ರಿಜ್‌ನ ದಕ್ಷಿಣ ಏಷ್ಯಾ ಅಧ್ಯಯನ ಕೇಂದ್ರದಲ್ಲಿವೆ. ಸಿಕ್ಕರೆ ಅದೃಷ್ಟ. ಹತ್ತಿರದ್ದು ಸಿಗಲಿಲ್ಲ ಅಂತ ಬೇರೆ ಊರಿನದ್ದನ್ನು ಹಾಕಿ 'ನಮ್ಮ ಊರು' ಅನ್ನಬೇಡಿ. ನೇತ್ರಾವತಿಯನ್ನು ಚಂದ್ರಗಿರಿ ಅಂತ ತೋರಿಸಿದರೆ ಬೆಂಗಳೂರಿನವರಿಗೆ ಗೊತ್ತಾಗದಿರಬಹುದು, ಚೆರ್ಕಳದವರು ಸುಮ್ನೆ ಬಿಡುವುದಿಲ್ಲ.

ನನ್ನ ಮಟ್ಟಿಗೆ ನಿಮ್ಮ ಚಿತ್ರದ ನಿಜವಾದ ಆಸ್ತಿ ಆ ವಿಎಚ್‌ಎಸ್ ಕ್ಯಾಸೆಟ್‌ಗಳು. ಸರಕಾರದ ಕ್ಯಾಮೆರಾ ಕಾಸರಗೋಡಿಗೆ ಬಂದದ್ದು ಕಡಿಮೆ, ಬಂದಾಗಲೂ ವೇದಿಕೆಯನ್ನು ನೋಡಿತು. ಊರಿನ ಸ್ಟುಡಿಯೋದವರ ಕ್ಯಾಮೆರಾ ಸಭೆಯನ್ನು ನೋಡಿತು. ಯಾರು ಬಂದಿದ್ದರು, ಹೆಂಗಸರು ಎಲ್ಲಿ ಕುಳಿತಿದ್ದರು, ಬ್ಯಾನರಿನಲ್ಲಿ ಏನು ಬರೆದಿತ್ತು, ಎಷ್ಟು ಭಾಷೆ ಕಿವಿಗೆ ಬೀಳುತ್ತಿತ್ತು, ಎಲ್ಲ ಅದರಲ್ಲಿದೆ. ಕನ್ನಡ, ತುಳು, ಮಲಯಾಳ, ಬ್ಯಾರಿ, ಕೊಂಕಣಿ, ಮರಾಠಿ ಒಂದೇ ಚಪ್ಪರದಡಿ ಕೇಳುವ ಮದುವೆ ವಿಡಿಯೋಕ್ಕಿಂತ ಒಳ್ಳೆಯ ಸಾಕ್ಷಿ ನಿಮ್ಮ ಚಿತ್ರಕ್ಕೆ ಬೇಕಾ? ಆದ್ದರಿಂದ ಮುಂಬೈಗೆ ಬರೆಯುವ ಮೊದಲು ಊರಿನ ಕಪಾಟುಗಳನ್ನು ನೋಡಿ ಮುಗಿಸಿ. ಶಾಲೆಗಳು, ಭಜನಾ ಮಂದಿರಗಳು, ಯುವಕ ಸಂಘಗಳು, ಮೇಳದ ಅಭಿಮಾನಿಗಳು, ಗಲ್ಫಿನಿಂದ ಕ್ಯಾಮೆರಾ ತಂದಿದ್ದ ಮನೆಗಳು. ಈ ಕಡೆಯ ಪೇಟೆಗಳಲ್ಲಿ ಅಂಗಡಿಯವರಿಗಿಂತ ಮೊದಲು ಹ್ಯಾಂಡಿಕ್ಯಾಮ್ ಕೊಂಡವರು ಗಲ್ಫಿನವರೇ ಇದ್ದಾರು.

ಕ್ಯಾಸೆಟ್ ಸಿಕ್ಕಿದ ಕೂಡಲೇ ವಿಸಿಆರ್‌ಗೆ ತುರುಕಬೇಡಿ. ಕಪಾಟಿನಲ್ಲಿ ವರ್ಷಗಟ್ಟಲೆ ಕುಳಿತ ಕ್ಯಾಸೆಟ್ಟಿಗೆ ನಮ್ಮ ಮಳೆಗಾಲ ಬೂಸ್ಟು ಹಿಡಿಸದೆ ಬಿಟ್ಟಿರುವುದಿಲ್ಲ. ಕ್ಯಾಸೆಟ್ಟಿನ ಕಿಟಕಿಯಿಂದ ಬೆಳಕಿಗೆ ಹಿಡಿದು ನೋಡಿ. ಟೇಪಿನ ಅಂಚಿನಲ್ಲಿ ಬಿಳಿ ಪುಡಿ, ಬಿಳಿ ಗೆರೆ ಕಂಡರೆ ಅದೇ. ಹಾಗೇ ಓಡಿಸಿದರೆ ಟೇಪ್ ಹರಿಯಬಹುದು, ಬೂಸ್ಟು ಯಂತ್ರದ ಹೆಡ್ಡಿಗೆ ಅಂಟಿ ಮುಂದಿನ ಒಳ್ಳೆಯ ಕ್ಯಾಸೆಟ್ಟಿಗೂ ದಾಟಬಹುದು. ಅದನ್ನು ಬೇರೆ ಇಟ್ಟು, ಟೇಪ್ ಶುಚಿ ಮಾಡಲು ಗೊತ್ತಿದ್ದವರಿಗೆ ಕೊಡಿ. ಒಳ್ಳೆಯ ಕ್ಯಾಸೆಟ್ಟನ್ನೂ ಮೊದಲು ಕೊನೆಯವರೆಗೆ ಓಡಿಸಿ ತಿರುಗಿ ಸುತ್ತಿ, ಆಮೇಲೆ ಒಂದೇ ಸಲದಲ್ಲಿ ಪೂರ್ತಿ ಕಂಪ್ಯೂಟರಿಗೆ ಇಳಿಸಿ. ಬೇಕಾದ ತುಂಡು ಮಾತ್ರ ಸಾಕು ಅಂತ ಉಳಿಸಬೇಡಿ, ಎಡಿಟಿಂಗ್ ಮಧ್ಯೆ ಉಳಿದದ್ದೇ ಬೇಕಾಗುತ್ತದೆ. ನಮ್ಮಲ್ಲಿ ಬಳಕೆಯಲ್ಲಿದ್ದದ್ದು ಪಾಲ್ (PAL) ಅನ್ನುವ ವಿಡಿಯೋ ಪದ್ಧತಿ, ಸೆಕೆಂಡಿಗೆ 25 ಫ್ರೇಮ್. ಇಳಿಸುವಾಗ 720ಕ್ಕೆ 576ರ ಅಳತೆಯಲ್ಲೇ ಇಳಿಸಿ. ಪರದೆ 4:3 ಇರುತ್ತದೆ. ಈಗಿನ ಅಗಲ ಪರದೆಗೆ ಎಳೆದು ತುಂಬಿಸಿದರೆ ಎಲ್ಲರೂ ದಪ್ಪಗಾಗುತ್ತಾರೆ. ಎರಡು ಬದಿಗೆ ಕಪ್ಪು ಇರಲಿ, ಏನೂ ಕೆಡುವುದಿಲ್ಲ.

ಆ ಕ್ಯಾಸೆಟ್ಟಿನ ಹಕ್ಕು ಯಾರದ್ದು? ತೆಗೆದ ಸ್ಟುಡಿಯೋದವರದ್ದು ಅಂತ ಹೆಚ್ಚಿನವರು ಅಂದುಕೊಂಡಿರುತ್ತಾರೆ. ಕಾಯಿದೆಯ 17ನೇ ಸೆಕ್ಷನ್ ಪ್ರಕಾರ, ದುಡ್ಡು ಕೊಟ್ಟು ತೆಗೆಸಿದ ವಿಡಿಯೋಕ್ಕೆ, ಬೇರೆ ಒಪ್ಪಂದ ಇಲ್ಲದಿದ್ದರೆ, ತೆಗೆಸಿದವರೇ ಮೊದಲ ಒಡೆಯರು. ಮದುವೆ ವಿಡಿಯೋ ಆದರೆ ದುಡ್ಡು ಕೊಟ್ಟ ಮನೆಯವರು. ಸಮ್ಮೇಳನದ್ದು ಸ್ವಾಗತ ಸಮಿತಿಯವರು ಕಾಸು ಕೊಟ್ಟು ತೆಗೆಸಿದ್ದರೆ ಸಮಿತಿಯದ್ದು. ಆದರೆ ಯಾರೋ ಆಸಕ್ತಿಯಿಂದ ತನ್ನ ಕ್ಯಾಮೆರಾ ತಂದು ಪುಕ್ಕಟೆ ತೆಗೆದಿದ್ದರೆ ಅದು ಅವರದ್ದೇ. ಈಗ ಕ್ಯಾಸೆಟ್ ಯಾರ ಮನೆಯಲ್ಲಿದೆ ಅನ್ನುವುದರಿಂದ ಹಕ್ಕು ಬರುವುದಿಲ್ಲ. ಸಮಿತಿ ಚದುರಿಹೋಗಿದ್ದರೆ ಆಗಿನ ಅಧ್ಯಕ್ಷರೋ ಕಾರ್ಯದರ್ಶಿಯೋ ಬದುಕಿದ್ದಾರಾ ನೋಡಿ, ಅವರಿಂದಲೂ ಕ್ಯಾಮೆರಾದವರಿಂದಲೂ ಒಂದೊಂದು ಒಪ್ಪಿಗೆ ಪತ್ರ ತೆಗೆದುಕೊಳ್ಳಿ. ಎರಡು ಪತ್ರ ಜಾಸ್ತಿಯಾಯಿತು ಅಂತ ಯಾವ ಚಾನೆಲ್ಲಿನವರೂ ದೂರುವುದಿಲ್ಲ.

ಮದುವೆ ವಿಡಿಯೋದಲ್ಲಿ ಇನ್ನೊಂದು ಬಲೆ ಇದೆ. ಆಗಿನ ಸ್ಟುಡಿಯೋದವರು ಧಾರೆಯಿಂದ ಊಟದವರೆಗೆ ಎಲ್ಲದರ ಮೇಲೂ ಸಿನಿಮಾ ಹಾಡು ಹಾಕಿಬಿಟ್ಟಿರುತ್ತಾರೆ. ಚಿತ್ರ ಮನೆಯವರದ್ದು, ಹಾಡು ಕ್ಯಾಸೆಟ್ ಕಂಪನಿಯದ್ದು. ಮನೆಯವರ ಸಹಿ ಹಾಡಿಗೆ ನಡೆಯುವುದಿಲ್ಲ. ಯೂಟ್ಯೂಬಿನ ಯಂತ್ರ ನಿಮ್ಮ ಅತ್ತೆ ಮಾವಂದಿರನ್ನು ಗುರುತಿಸದಿದ್ದರೂ ಹಾಡನ್ನು ಒಂದೇ ನಿಮಿಷದಲ್ಲಿ ಗುರುತಿಸುತ್ತದೆ. ಧ್ವನಿ ತೆಗೆದು, ಅಂಥ ಸಭೆಯ ಗಲಾಟೆಯನ್ನು ಹೊಸದಾಗಿ ಎಲ್ಲಾದರೂ ರೆಕಾರ್ಡ್ ಮಾಡಿ ಹಾಕಿ.

ಬಯಲಾಟದಲ್ಲಿ ಹಕ್ಕಿನ ಪದರ ಇನ್ನೂ ಹೆಚ್ಚು. ವಿಡಿಯೋದ ಹಕ್ಕು ಒಂದು. ಭಾಗವತರಿಗೆ, ಮದ್ದಳೆಯವರಿಗೆ, ವೇಷಧಾರಿಗಳಿಗೆ ಕಲಾವಿದರ ಹಕ್ಕು ಅಂತ ಬೇರೆಯೇ ಇದೆ, ಅದು ಪ್ರದರ್ಶನದ ಮುಂದಿನ ವರ್ಷದಿಂದ 50 ವರ್ಷ. 1990ರ ದಶಕದ ಆಟ ಆದರೆ ಅದು ಈಗಲೂ ಜೀವಂತ. ಪ್ರಸಂಗದ, ಅಂದರೆ ಆಟದ ಪದ್ಯಕೃತಿಯ, ಹಕ್ಕು ಮತ್ತೊಂದು. ಕುಂಬಳೆಯ ಹಳೆಗಾಲದ ಕವಿ ಪಾರ್ತಿಸುಬ್ಬನ ಪ್ರಸಂಗ ಆದರೆ ಚಿಂತೆ ಇಲ್ಲ. ಇತ್ತೀಚಿನ ಕವಿಯ ಪ್ರಸಂಗ ಆದರೆ ಕವಿ ತೀರಿಕೊಂಡ ಮೇಲೂ 60 ವರ್ಷ ಹಕ್ಕು ಇರುತ್ತದೆ. ಇದೇ ಲೆಕ್ಕ ಕವಿತೆಗೂ. ಮಂಜೇಶ್ವರ ಗೋವಿಂದ ಪೈಗಳು 1963ರಲ್ಲಿ ತೀರಿಕೊಂಡರು, ಹಾಗಾಗಿ ಅವರು ಬದುಕಿದ್ದಾಗ ಪ್ರಕಟವಾದ ಕವಿತೆಗಳ ಕಾಪಿರೈಟ್ 2023ರ ಕೊನೆಗೆ ಮುಗಿಯಿತು, ಧಾರಾಳವಾಗಿ ಹಾಡಿಸಿ. ಕಯ್ಯಾರ ಕಿಞ್ಞಣ್ಣ ರೈಗಳು ತೀರಿಕೊಂಡದ್ದು 2015ರಲ್ಲಿ. ಅವರ ಕವಿತೆಗೆ 2075ರ ಕೊನೆಯವರೆಗೂ ಹಕ್ಕುದಾರರನ್ನು ಕೇಳಲೇಬೇಕು. ಕನ್ನಡ ಹೋರಾಟದ ಚಿತ್ರದಲ್ಲಿ ಅವರ ಸಾಲು ಬಾರದೆ ಇರುತ್ತದಾ? ಈಗಲೇ ಕೇಳಿಡಿ.

ಆಕಾಶವಾಣಿಯ ಸಂದರ್ಶನದ ಬಗ್ಗೆ ಉದ್ದಕ್ಕೆ ಹೇಳುವುದಿಲ್ಲ. ಯಾವ ನಿಲಯ, ಯಾವ ವರ್ಷ, ಯಾರ ಜತೆ, ಇಷ್ಟು ಗೊತ್ತುಮಾಡಿಕೊಂಡು ಮೊದಲು ನಿಲಯದಲ್ಲಿ ವಿಚಾರಿಸಿ. ಹಳೆಯ ಟೇಪುಗಳ ಮೇಲೆ ಮತ್ತೆ ರೆಕಾರ್ಡ್ ಮಾಡುವುದು ಪ್ರಸಾರ ಸಂಸ್ಥೆಗಳಲ್ಲಿ ಮಾಮೂಲಾಗಿತ್ತು, ಇಲ್ಲ ಅಂದರೆ ಬೇಸರ ಬೇಡ. ಇದ್ದರೆ ಅನುಮತಿ ಆಕಾಶವಾಣಿಯನ್ನು ನಡೆಸುವ ಪ್ರಸಾರ ಭಾರತಿಯ ಹೆಸರಿನಲ್ಲಿ ಬರಬೇಕು. ನಿಲಯದ ಪರಿಚಯದವರು 'ತೆಗೊಂಡು ಹೋಗಿ ಮಾರಾಯ್ರೆ' ಅಂತ ಪೆನ್‌ಡ್ರೈವಿಗೆ ಹಾಕಿಕೊಟ್ಟರೆ ಅದು ಪ್ರೀತಿ, ಲೈಸೆನ್ಸ್ ಅಲ್ಲ. ಯಾರೋ ಮನೆಯಲ್ಲಿ ರೇಡಿಯೋದಿಂದ ಟೇಪ್ ಮಾಡಿಕೊಂಡಿದ್ದರೂ ಅನುಮತಿ ಅಲ್ಲಿಂದಲೇ ಬೇಕು.

ಟಿವಿ ಸುದ್ದಿಯ ದೃಶ್ಯದಲ್ಲಿ ಒಂದು ತಪ್ಪು ಲೆಕ್ಕ ಓಡಾಡುತ್ತಿದೆ. '25 ವರ್ಷ ಆದರೆ ಫ್ರೀ' ಅನ್ನುತ್ತಾರೆ. 25 ವರ್ಷ ಇರುವುದು ಪ್ರಸಾರ ಮಾಡಿದವರಿಗೆ ಆ ಪ್ರಸಾರದ ಮೇಲಿರುವ ಹಕ್ಕಿಗೆ. ಕ್ಯಾಮೆರಾದಲ್ಲಿ ತೆಗೆದ ದೃಶ್ಯಕ್ಕೆ 60 ವರ್ಷದ ಲೆಕ್ಕವೇ. ಎರಡನ್ನೂ ಕಲಸಬೇಡಿ. ಚಾನೆಲ್ಲುಗಳ ಮುಖ್ಯ ಕಚೇರಿಗೆ ಬರೆಯಿರಿ, ಜತೆಗೆ ಆಗ ಕಾಸರಗೋಡಿನಿಂದ ಸುದ್ದಿ ಕಳಿಸುತ್ತಿದ್ದವರನ್ನೂ ಮಾತಾಡಿಸಿ. ಚಾನೆಲ್ಲಿನಲ್ಲಿ 40 ಸೆಕೆಂಡು ಬಂದದ್ದರ ಪೂರ್ತಿ ಟೇಪ್ ಅವರ ಹತ್ತಿರ ಇರುವುದುಂಟು. ಹಕ್ಕು ಯಾರದ್ದು ಅನ್ನುವುದು ಅವರು ಸಂಬಳದ ನೌಕರರಾಗಿದ್ದರಾ, ಬಿಡಿ ವರದಿಗಾರರಾಗಿದ್ದರಾ, ಏನು ಬರೆದುಕೊಟ್ಟಿದ್ದರು ಅನ್ನುವುದರ ಮೇಲೆ ನಿಂತಿದೆ. ಪತ್ರಿಕೆಯ ಫೋಟೋದಲ್ಲೂ ಹಾಗೇ. ನೌಕರಿಯಲ್ಲಿದ್ದ ಫೋಟೋಗ್ರಾಫರ್ ತೆಗೆದದ್ದಾದರೂ, ಬೇರೆ ಒಪ್ಪಂದ ಇಲ್ಲದಿದ್ದರೆ, ಪತ್ರಿಕೆಯವರಿಗೆ ಸಿಗುವುದು ಪತ್ರಿಕೆಯಲ್ಲಿ ಅಚ್ಚು ಮಾಡುವ ಹಕ್ಕು. ಉಳಿದದ್ದು ತೆಗೆದವರದ್ದು. ಹಾಗಾಗಿ ಇಬ್ಬರನ್ನೂ ಕೇಳಿ. 2012ರ ತಿದ್ದುಪಡಿಯ ನಂತರ ಫೋಟೋದ ಹಕ್ಕು ತೆಗೆದವರ ಆಯುಷ್ಯದ ಮೇಲೆ ಇನ್ನೂ 60 ವರ್ಷ, ಅದನ್ನೂ ನೆನಪಿಡಿ.

ಎಂಡೋಸಲ್ಫಾನ್ ಭಾಗಕ್ಕೆ ಕಾನೂನಿಗಿಂತ ಬೇರೆ ಮಾತು ಹೇಳಬೇಕು. ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಸಿಂಪಡಿಸಿದ್ದು 2000ದಲ್ಲಿ ನಿಂತಿತು, ದೇಶದಲ್ಲಿ ಸುಪ್ರೀಂ ಕೋರ್ಟಿನ ತಡೆ ಬಂದದ್ದು 2011ರಲ್ಲಿ. ಆ ನಡುವೆ ಎಣ್ಮಕಜೆ, ಪಡ್ರೆ ಕಡೆಯ ಮನೆಗಳಿಗೆ ಎಷ್ಟು ಕ್ಯಾಮೆರಾ ಬಂದು ಹೋದವು ಅಂತ ಆ ಮನೆಯವರನ್ನೇ ಕೇಳಿ. ಮಕ್ಕಳನ್ನು ಹತ್ತಿರದಿಂದ ತೆಗೆದ ಅದೇ ದೃಶ್ಯಗಳು ಎಲ್ಲ ವರದಿಗಳಲ್ಲೂ ತಿರುಗಿ ತಿರುಗಿ ಬಂದಿವೆ. ಚಾನೆಲ್ಲಿನವರು ನಿಮಗೆ ಲೈಸೆನ್ಸ್ ಕೊಟ್ಟರೂ ಅದು ದೃಶ್ಯದ ಲೈಸೆನ್ಸ್. ದೃಶ್ಯದಲ್ಲಿರುವ ವ್ಯಕ್ತಿಯ ಒಪ್ಪಿಗೆ ಅದರೊಳಗೆ ಸೇರಿಲ್ಲ, ಒಪ್ಪಂದದಲ್ಲೇ ಹಾಗೆ ಬರೆದಿರುತ್ತಾರೆ. ಅಂದಿನ ಮಗು ಈಗ ದೊಡ್ಡವರಾಗಿರಬಹುದು, ಇಲ್ಲದೆಯೂ ಇರಬಹುದು. ಮನೆ ಹತ್ತಿರವೇ ಇದೆಯಲ್ಲ, ಹೋಗಿ ಆ ದೃಶ್ಯವನ್ನು ತೋರಿಸಿ ಕೇಳಿ. ಬೇಡ ಅಂದರೆ ಬಿಡಿ. ದೆಹಲಿಯಿಂದ ಬಂದವರಿಗೆ ಹೀಗೆ ಮನೆಗೆ ಹೋಗಿ ಕೇಳುವುದು ಆಗಲಿಲ್ಲ. ನಿಮಗೆ ಆಗುತ್ತದೆ, ಹಾಗಾಗಿ ನೆಪ ಹೇಳುವ ಹಾಗಿಲ್ಲ.

ಇನ್ನು ಲೈಸೆನ್ಸಿನ ಕಾಗದ. ಬಾಯಿ ಮಾತು ಸಾಲದು, ಬರವಣಿಗೆಯಲ್ಲಿ ಇರಬೇಕು. ಅದರಲ್ಲಿ ಯಾವ ದೃಶ್ಯ, ಎಷ್ಟು ಸೆಕೆಂಡು, ಎಲ್ಲೆಲ್ಲಿ ತೋರಿಸುವುದು, ಯಾವ ದೇಶಗಳಲ್ಲಿ, ಎಷ್ಟು ವರ್ಷ, ಎಷ್ಟು ಹಣ ಅಂತ ಸ್ಪಷ್ಟವಾಗಿ ಬರೆಸಿ. ಬರೆಯದೆ ಬಿಟ್ಟರೆ ಕಾಯಿದೆ ತಾನೇ ತುಂಬಿಕೊಳ್ಳುತ್ತದೆ. ಅವಧಿ ಹೇಳದಿದ್ದರೆ 5 ವರ್ಷ, ಪ್ರದೇಶ ಹೇಳದಿದ್ದರೆ ಭಾರತ ಮಾತ್ರ. ನಮ್ಮವರಿಗೆ ಇದು ಪುಸ್ತಕದ ಮಾತಲ್ಲ. ಚಿತ್ರ ಮುಗಿದ ಕೂಡಲೇ ದುಬೈಯಿಂದಲೋ ಬಹ್ರೈನಿನಿಂದಲೋ 'ನಮ್ಮ ಸಂಘದಲ್ಲಿ ಒಂದು ಪ್ರದರ್ಶನ ಇಡೋಣ' ಅಂತ ಫೋನ್ ಬರುತ್ತದೆ. ಭಾರತಕ್ಕೆ ಮಾತ್ರ ಪಡೆದ ದೃಶ್ಯ ಅಲ್ಲಿ ನಡೆಯುವುದಿಲ್ಲ. ಯೂಟ್ಯೂಬ್ ಅಂದರೂ ಇಡೀ ಪ್ರಪಂಚ. ಟ್ರೇಲರಿನಲ್ಲಿ ಬಳಸುವುದನ್ನೂ ಬೇರೆ ಸಾಲಿನಲ್ಲಿ ಬರೆಸಿ, ಕೆಲವರು ಅದಕ್ಕೆ ಬೇರೆ ಹಣ ಕೇಳುತ್ತಾರೆ.

ದುಡ್ಡು ಉಳಿಸುವ ದಾರಿ ಇಲ್ಲೇ ಇದೆ. ಮೊದಲು ಚಿತ್ರೋತ್ಸವಕ್ಕೆ ಮಾತ್ರ ಲೈಸೆನ್ಸ್ ಕೇಳಿ. ತಿರುವನಂತಪುರದ ಸಾಕ್ಷ್ಯಚಿತ್ರೋತ್ಸವ, ಮುಂಬೈಯ ಉತ್ಸವ ಇಂಥವಕ್ಕೆ ಸಾಕಾಗುವಷ್ಟು. ಅದರ ದರ ಸಾಮಾನ್ಯವಾಗಿ ಕಡಿಮೆ. ಆದರೆ ಅದೇ ಕಾಗದದಲ್ಲಿ 'ಮುಂದೆ ಟಿವಿಗೆ ಇಷ್ಟು, ಎಲ್ಲ ಮಾಧ್ಯಮಕ್ಕೆ ಇಷ್ಟು' ಅಂತ ಮುಂದಿನ ದರವನ್ನೂ ಈಗಲೇ ಬರೆಸಿಡಿ. ಚಿತ್ರಕ್ಕೆ ಹೆಸರು ಬಂದ ಮೇಲೆ ಕೇಳಲು ಹೋದರೆ ದರವೂ ಹೆಸರಿನ ಜತೆ ಏರಿರುತ್ತದೆ. ಸೆಕೆಂಡಿನ ಲೆಕ್ಕವನ್ನೂ ಗಮನಿಸಿ. ಎಷ್ಟೋ ಸಂಸ್ಥೆಗಳಲ್ಲಿ ಕನಿಷ್ಠ ಇಷ್ಟು ಅಂತ ಇರುತ್ತದೆ. ಒಂದು ತುಣುಕಿಗೆ ಕನಿಷ್ಠ 30 ಸೆಕೆಂಡು ಅಂತ ಇದ್ದು, ನೀವು ಮೂರು ತುಣುಕಿನಿಂದ 5-5 ಸೆಕೆಂಡು ತೆಗೆದರೆ ಬಳಸಿದ್ದು 15, ಬಿಲ್ಲು 90 ಸೆಕೆಂಡಿಗೆ. ಅದರ ಬದಲು ಒಂದೇ ತುಣುಕನ್ನು 15 ಸೆಕೆಂಡು ನಿಲ್ಲಿಸಿ ತೋರಿಸಿ. ನೋಡುವವರಿಗೂ ಕಣ್ಣು ಊರಲು ಸಮಯ ಸಿಗುತ್ತದೆ. ದರ ಕೇಳುವಾಗ ಜಿಎಸ್‌ಟಿ ಸೇರಿಸಿಯಾ, ಸೇರಿಸದೆಯಾ, ಪ್ರತಿ ಮಾಡಿಕೊಡುವ ಖರ್ಚು ಬೇರೆಯಾ ಅಂತಲೂ ಕೇಳಿ.

ಊರಿನವರ ಹತ್ತಿರ ಹಣದ ಮಾತಿಗಿಂತ ಕೊಡುಕೊಳ್ಳುವ ಮಾತು ಚೆನ್ನಾಗಿ ನಡೆಯುತ್ತದೆ. ಕ್ಯಾಸೆಟ್ ತೆಗೆದುಕೊಂಡಾಗ ರಸೀದಿ ಕೊಡಿ, ಹಿಂತಿರುಗಿಸುವಾಗ ಪೂರ್ತಿ ವಿಡಿಯೋವನ್ನು ಪೆನ್‌ಡ್ರೈವಿಗೆ ಹಾಕಿ ಕೊಡಿ. ಅವರ ಮನೆಯ ವಿಸಿಆರ್ ಎಂದೋ ಗುಜರಿಗೆ ಹೋಗಿರುತ್ತದೆ. ತೀರಿಹೋದ ಅಜ್ಜಿ ನಡೆದಾಡುವುದನ್ನು ಮೊಬೈಲಿನಲ್ಲಿ ನೋಡಿದ ಮನೆಯವರು ಸಹಿಗೆ ಹಿಂದೆ ಮುಂದೆ ನೋಡುವುದು ಕಡಿಮೆ. ಆದರೂ ಸಹಿ ಬೇಕು, ಕನ್ನಡದಲ್ಲೋ ಮಲಯಾಳದಲ್ಲೋ ಅವರಿಗೆ ಓದಲು ಬರುವ ಭಾಷೆಯಲ್ಲಿ.

ಒಡೆಯರು ಸಿಗದಿದ್ದರೆ? ಅದಕ್ಕೆ 31ಎ ಸೆಕ್ಷನ್ ಇದೆ. ಕರ್ತೃ ತೀರಿಕೊಂಡಿದ್ದರೆ, ಯಾರೆಂದು ಗೊತ್ತಿಲ್ಲದಿದ್ದರೆ, ಹುಡುಕಿಯೂ ಸಿಗದಿದ್ದರೆ ನ್ಯಾಯಾಲಯದ ಮೂಲಕ ಲೈಸೆನ್ಸ್ ಪಡೆಯಬಹುದು. ಪತ್ರಿಕೆಯಲ್ಲಿ ಪ್ರಕಟಣೆ, ಅರ್ಜಿ, ಶುಲ್ಕ, ಸಮಯ ಎಲ್ಲ ಬೇಕು. ಒಂದು ಸಣ್ಣ ಚಿತ್ರಕ್ಕೆ ಅದು ದೂರದ ದಾರಿ. ಹೆಚ್ಚಿನವರು ಮಾಡುವುದು ಏನೆಂದರೆ, ಹುಡುಕಿದ್ದರ ದಾಖಲೆ ಇಟ್ಟುಕೊಂಡು, ಕೊನೆಯಲ್ಲಿ 'ಹಕ್ಕುದಾರರು ಸಂಪರ್ಕಿಸಿ' ಅಂತ ಒಂದು ಸಾಲು ಹಾಕಿ ಬಳಸುವುದು. ಅದು ಕಾನೂನಿನ ರಕ್ಷಣೆ ಅಲ್ಲ, ಒಳ್ಳೆಯ ಮನಸ್ಸಿತ್ತು ಅನ್ನುವುದಕ್ಕೆ ಸಾಕ್ಷಿ ಅಷ್ಟೇ. ಒಟಿಟಿಯವರು ಕೇಳುವ ಎರರ್ಸ್ ಅಂಡ್ ಒಮಿಷನ್ಸ್ ವಿಮೆ, ಅಂದರೆ ಹಕ್ಕಿನ ತಕರಾರು ಬಂದರೆ ಖರ್ಚು ತುಂಬುವ ವಿಮೆ, ಅದರವರ ಮುಂದೆ ಅದು ನಿಲ್ಲುವುದು ಕಷ್ಟ. ನನ್ನ ಸಲಹೆ: ಒಡೆಯರಿಲ್ಲದ ದೃಶ್ಯ ಚಿತ್ರದ ಬೆನ್ನೆಲುಬಾಗಿದ್ದರೆ ಮಾತ್ರ ಆ ತೊಂದರೆ ಮೈಮೇಲೆ ಹಾಕಿಕೊಳ್ಳಿ. ಬರೀ ಅಲಂಕಾರಕ್ಕಾದರೆ ತೆಗೆದುಬಿಡಿ. ಅದೇ ಜಾಗಕ್ಕೆ ಹೋಗಿ ಇವತ್ತಿನ ದೃಶ್ಯ ತೆಗೆದು, ಅಂದು ಅಲ್ಲಿದ್ದವರ ಧ್ವನಿಯನ್ನು ಮೇಲೆ ಹಾಕಿ. ಕೃತಕ ಬುದ್ಧಿಮತ್ತೆಯಿಂದ 1956ರ ಮೆರವಣಿಗೆ 'ತಯಾರಿಸುವ' ಯೋಚನೆ ಮಾತ್ರ ಬೇಡ. ಇದ್ದ ದೃಶ್ಯಕ್ಕೆ ಬಣ್ಣ ತುಂಬಿಸುವುದಕ್ಕೂ ಮೊದಲು ಒಪ್ಪಂದ ಓದಿ, ದೃಶ್ಯವನ್ನು ಬದಲಾಯಿಸಬಾರದು ಅಂತ ಹಲವು ಆರ್ಕೈವ್‌ಗಳು ಬರೆದಿರುತ್ತವೆ.

ಎಡಿಟಿಂಗ್ ಶುರುಮಾಡುವ ಮೊದಲು ಒಂದು ಪಟ್ಟಿ ತೆರೆಯಿರಿ, ಎಕ್ಸೆಲ್ ಸಾಕು. ಪ್ರತಿ ತುಣುಕಿಗೆ ಒಂದು ಸಂಖ್ಯೆ, ಎಲ್ಲಿಂದ ಬಂತು, ಒಡೆಯರು ಯಾರು, ಧ್ವನಿಯ ಒಡೆಯರು ಯಾರು, ಯಾವ ದಿನ ಕೇಳಿದ್ದು, ಏನು ಉತ್ತರ ಬಂತು, ಕಾಗದ ಎಲ್ಲಿದೆ, ನಿಮ್ಮ ಚಿತ್ರದಲ್ಲಿ ಎಷ್ಟನೇ ನಿಮಿಷದಿಂದ ಎಷ್ಟರವರೆಗೆ. ಆರ್ಕೈವಿನವರು ಮೊದಲು ಕಳಿಸುವುದು ವಾಟರ್‌ಮಾರ್ಕ್ ಇರುವ ಸ್ಕ್ರೀನರ್, ಅಂದರೆ ನೋಡಿ ಆರಿಸಲು ಮಾತ್ರ ಇರುವ ಪ್ರತಿ. ಅದರ ಮೇಲೆ ಓಡುವ ಸಮಯದ ಅಂಕಿ, ಅಂದರೆ ಟೈಮ್‌ಕೋಡನ್ನು ಅಳಿಸಬೇಡಿ, ಕೊನೆಗೆ ಒಳ್ಳೆಯ ಪ್ರತಿ ತರಿಸುವಾಗ ಅದೇ ನಂಬರ್ ಕೊಡಬೇಕು. ಒಡೆಯರು ಯಾರು ಅನ್ನುವ ಖಾನೆ ಖಾಲಿ ಇರುವ ತುಣುಕನ್ನು ಟೈಮ್‌ಲೈನಿಗೆ ಹಾಕಲೇಬೇಡಿ. ಹಾಕಿ, ಸಂಗೀತ ಕೂಡಿಸಿ, ಅದಕ್ಕೆ ಮನಸ್ಸು ಅಂಟಿದ ಮೇಲೆ ತೆಗೆಯುವುದು ಬಹಳ ಕಷ್ಟ. ಅಂಥ ಹೊತ್ತಿನಲ್ಲೇ 10 ಸೆಕೆಂಡಿನ ನಿಯಮ ಎಲ್ಲರಿಗೂ ಇಷ್ಟವಾಗುವುದು.

ಪತ್ರ ಬರೆಯುವಾಗ 'ಕಾಸರಗೋಡಿನ ಹಳೆಯ ದೃಶ್ಯ ಏನಿದ್ದರೂ ಕಳಿಸಿ' ಅಂತ ಬರೆದರೆ ಉತ್ತರ ಬರುವುದಿಲ್ಲ. 'ನಾವು ಇಂಥವರು, 50 ನಿಮಿಷದ ಕನ್ನಡ ಸಾಕ್ಷ್ಯಚಿತ್ರ, ಲಾಭದ ಉದ್ದೇಶ ಇಲ್ಲ. 1956ರ ಅಕ್ಟೋಬರಿನಿಂದ ಡಿಸೆಂಬರ್ ನಡುವೆ ಬಿಡುಗಡೆಯಾದ ನ್ಯೂಸ್‌ರೀಲುಗಳಲ್ಲಿ ರಾಜ್ಯ ವಿಂಗಡಣೆಯ ದೃಶ್ಯ ಬೇಕು, ಸೌತ್ ಕೆನರಾ ಅಥವಾ ಮಲಬಾರಿನದ್ದಾದರೆ ಮೊದಲ ಆದ್ಯತೆ, ಸುಮಾರು 20 ಸೆಕೆಂಡು. ಮೊದಲು ಚಿತ್ರೋತ್ಸವಕ್ಕೆ, ಆಮೇಲೆ ಎಲ್ಲ ಮಾಧ್ಯಮಕ್ಕೆ ದರ ತಿಳಿಸಿ. ಸ್ಕ್ರೀನರ್ ಕಳಿಸಲು ಆಗುತ್ತದಾ?' ಇಷ್ಟು ಸಾಕು, ಒಂದು ಪುಟ ದಾಟಬಾರದು. ಮುಂಬೈಗೂ ದೆಹಲಿಗೂ ಇಂಗ್ಲಿಷಿನಲ್ಲೋ ಹಿಂದಿಯಲ್ಲೋ ಬರೆಯಿರಿ. ಎರಡು ವಾರ ಕಾದು ಫೋನ್ ಮಾಡಿ, ಫೋನಿನಲ್ಲಿ ಮಾತಾಡಿದ್ದನ್ನು ಅದೇ ದಿನ ಮೇಲ್ ಹಾಕಿ. ಸರಕಾರಿ ಕಚೇರಿಯಿಂದ ಉತ್ತರ ಬರಲು ತಿಂಗಳುಗಳೇ ಹಿಡಿಯಬಹುದು, ಆದ್ದರಿಂದ ಆ ಪತ್ರ ಈ ವಾರವೇ ಹೋಗಲಿ. ಉತ್ತರ ಕಾಯುವ ಹೊತ್ತಿಗೆ ಕ್ಯಾಸೆಟ್‌ಗಳ ಕೆಲಸ ಶುರುಮಾಡಿ, ಈ ಮಳೆಗಾಲ ಬರುವ ಮೊದಲು.